ಅಷ್ಟಮಿ ವೇಷಕ್ಕೆ ಹಲ್ಕ್‌ಲಿಂಗ್: ಜನ ‘ಹಲ್ಕ್’ ಅನ್ನದ ಹಾಗೆ ಮಾಡುವುದು ಹೇಗೆ?

ರಥಬೀದಿ ಕಾಮಿಕ್ಸ್ (ಪ್ರಶ್ನೆ):

ಈ ಸಲ ಉಡುಪಿ ವಿಟ್ಲಪಿಂಡಿಗೆ (ಕೃಷ್ಣಾಷ್ಟಮಿಯ ಮರುದಿನದ ಮೊಸರು ಕುಡಿಕೆ ಉತ್ಸವ) ಮಾರ್ವೆಲ್ ಕಾಮಿಕ್ಸ್‌ನ ಹಲ್ಕ್‌ಲಿಂಗ್ ವೇಷ ಹಾಕುವ ಅಂತ ಉಂಟು. ಅನ್ಯಗ್ರಹದ ರಾಜಕುಮಾರ, ಹಸಿರು ಮೈ, ರೆಕ್ಕೆ, ಕೈಯಲ್ಲಿ ಖಡ್ಗ. ಆದರೆ ಹಸಿರು ಬಣ್ಣ ಕಂಡ ಕೂಡಲೇ ಮಕ್ಕಳಿಂದ ಅಜ್ಜಂದಿರವರೆಗೆ ಎಲ್ಲರೂ ‘ಹಲ್ಕ್, ಹಲ್ಕ್’ ಅಂತಾರೆ. ಹಾಗಾಗದಿರಲು ಯಾವ ಅಂಶ ಎತ್ತಿ ತೋರಿಸಬೇಕು? ಕವಚಕ್ಕೆ ಎಷ್ಟು ದಪ್ಪದ ಫೋಮ್ ತರಬೇಕು? ರೆಕ್ಕೆ ಕಟ್ಟಿಕೊಂಡು ಆ ಜನಸಂದಣಿಯಲ್ಲಿ ನಡೆಯುವುದು ಸಾಧ್ಯ ಉಂಟಾ? ಗೊತ್ತಿದ್ದವರು ವಿವರವಾಗಿ ಹೇಳಿ.

ಪ್ಯಾನೆಲ್ ಪುರಾಣ:

ಹಲ್ಕ್ ಅಂತ ಅಂದೇ ಅಂತಾರೆ ಮಾರಾಯ್ರೆ. ಆ ಗೊಂದಲ ಕಾಮಿಕ್ಸ್‌ನವರೇ ಬೇಕೆಂದು ಮಾಡಿದ್ದು. 2005ರಲ್ಲಿ ಅಲನ್ ಹೈನ್‌ಬರ್ಗ್ ಬರೆದು ಜಿಮ್ ಚ್ಯೂಂಗ್ ಚಿತ್ರ ಬಿಡಿಸಿದ ‘ಯಂಗ್ ಅವೆಂಜರ್ಸ್’ನಲ್ಲಿ ಐರನ್ ಲ್ಯಾಡ್, ಪೇಟ್ರಿಯಟ್, ಆಸ್ಗಾರ್ಡಿಯನ್, ಹಲ್ಕ್‌ಲಿಂಗ್ ಅಂತ ಹುಡುಗರು ಬರುತ್ತಾರೆ. ಮೇಲ್ನೋಟಕ್ಕೆ ಒಬ್ಬೊಬ್ಬನೂ ಒಬ್ಬ ಹಿರಿಯ ಅವೆಂಜರ್‌ನ ಮರಿ. ಒಳಗಿನ ಕಥೆ ಬೇರೆಯೇ. ಹಲ್ಕ್‌ಲಿಂಗ್‌ಗೆ ಗಾಮಾ ಕಿರಣ ತಾಗಿಲ್ಲ, ಆ ಕಿರಣ ತಾಗಿ ಹಲ್ಕ್ ಆದ ಬ್ರೂಸ್ ಬ್ಯಾನರ್ ಇವನಿಗೆ ಏನೂ ಆಗಬೇಕಿಲ್ಲ.

ಭೂಮಿಯಲ್ಲಿ ಇವನ ಹೆಸರು ಟೆಡ್ಡಿ ಆಲ್ಟ್‌ಮನ್. ಹುಟ್ಟಿನ ಲೆಕ್ಕದಲ್ಲಿ ಎಂಟನೇ ಡೋರೆಕ್. ತಾಯಿ ಅನೆಲ್, ಸ್ಕ್ರಲ್ ಚಕ್ರವರ್ತಿಯ ಮಗಳು. ಸ್ಕ್ರಲ್ ಅಂದರೆ ಹಸಿರು ಮೈಯ, ರೂಪ ಬದಲಿಸುವ ಅನ್ಯಗ್ರಹದ ಜನಾಂಗ. ತಂದೆ ಕ್ರೀ ಎಂಬ ಇನ್ನೊಂದು ಅನ್ಯಗ್ರಹ ಜನಾಂಗದ ಯೋಧ ಮಾರ್-ವೆಲ್. ಈ ಎರಡು ಜನಾಂಗಗಳ ಯುದ್ಧ 1971-72ರ ‘ಅವೆಂಜರ್ಸ್’ 89ರಿಂದ 97ನೇ ಸಂಚಿಕೆಗಳಲ್ಲಿ ನಡೆದದ್ದು. ಆ ಹಳೆಯ ವೈರದ ನಡುವೆ ಹುಟ್ಟಿದ ಕೂಸು ಅಂತ ಇವನನ್ನು 2005ರವರು ಸೇರಿಸಿದರು. ದಾದಿಯೊಬ್ಬಳು ಮಗುವನ್ನು ಭೂಮಿಗೆ ತಂದು ತನ್ನ ಮಗನೆಂದೇ ಸಾಕಿದಳು. ಸೂಪರ್-ಸ್ಕ್ರಲ್ ಎಂಬ ಸ್ಕ್ರಲ್ ಯೋಧ ಹುಡುಕಿಕೊಂಡು ಬರುವವರೆಗೆ ಹುಡುಗನಿಗೆ ಇದೊಂದೂ ಗೊತ್ತಿಲ್ಲ. 2020ರ ‘ಎಂಪೈರ್’ ಎಂಬ ಕಾಮಿಕ್ಸ್ ಸರಣಿಯಲ್ಲಿ ಎರಡೂ ಸಾಮ್ರಾಜ್ಯಗಳಿಗೆ ಇವನೇ ಒಡೆಯ.

ವೇಷಕ್ಕೆ ಬೇಕಾದ ಸುಳಿವು ಇದರಲ್ಲೇ ಉಂಟು. ಹಸಿರು ತಾಯಿಯದ್ದು, ಹೊಂಬಣ್ಣದ ಕೂದಲು ತಂದೆಯದ್ದು. ಕೂದಲು ಕಪ್ಪಾದರೆ ನೀವು ಹಲ್ಕ್, ಮುಗಿಯಿತು. ಇನ್ನೊಂದು, ಸಾಮಾನ್ಯವಾಗಿ ಹಲ್ಕ್‌ಗೆ ಕವಚವೂ ಇರುವುದಿಲ್ಲ, ಖಡ್ಗವೂ ಇರುವುದಿಲ್ಲ. ಇವನಿಗೆ ‘ಎಕ್ಸೆಲ್ಸಿಯರ್’ ಎಂಬ ಖಡ್ಗ ಉಂಟು. ಹಾಗಾಗಿ 2005ರ ಮಾಮೂಲಿ ಬಟ್ಟೆ ಬಿಟ್ಟು ‘ಎಂಪೈರ್’ ಕಾಲದ ಕವಚವನ್ನೇ ಆರಿಸಿ. ಒಂದೇ ಪ್ಯಾನೆಲ್ (ಕಾಮಿಕ್ಸ್ ಪುಟದ ಒಂದು ಚೌಕದ ಚಿತ್ರ) ಪ್ರಿಂಟ್ ತೆಗೆದು ಗೋಡೆಗೆ ಅಂಟಿಸಿ ಕೆಲಸ ಮಾಡಿ. ನಾಲ್ಕು ಕಲಾವಿದರ ನಾಲ್ಕು ಚಿತ್ರ ಬೆರೆಸಿದರೆ ಯಾರೂ ಅಲ್ಲದವನಾಗುತ್ತೀರಿ. ದಯವಿಟ್ಟು ಎದೆ, ತೋಳಿಗೆ ಹತ್ತಿ ತುಂಬಬೇಡಿ. ನಡಿಗೆಯೂ ಮುಖ್ಯ: ಯಕ್ಷಗಾನದ ಲೆಕ್ಕದಲ್ಲಿ ಹಲ್ಕ್ ಅಂದರೆ ರಾಕ್ಷಸರ ‘ಬಣ್ಣದ ವೇಷ’, ಇವನು ಅಭಿಮನ್ಯುವಿನಂಥ ಚುರುಕು ಹುಡುಗರ ‘ಪುಂಡುವೇಷ’.

ಫೋಮ್ ಕತ್ತರಿ:

ಕವಚದ ಬಗ್ಗೆ ನಾನು ಹೇಳುತ್ತೇನೆ. ಎದೆ, ಬೆನ್ನು, ಭುಜಕ್ಕೆ 10 ಮಿ.ಮೀ. ಇವಿಎ ಫೋಮ್ (ರಬ್ಬರಿನ ಹಾಗೆ ಬಾಗುವ ಮೆತ್ತನೆಯ ಹಾಳೆ), ಮುಂಗೈ, ಕಾಲಿಗೆ 5 ಅಥವಾ 6, ಅಂಚಿನ ಪಟ್ಟಿ, ಲಾಂಛನಕ್ಕೆ 2. ಟಿವಿ, ಫ್ರಿಜ್ ಪೆಟ್ಟಿಗೆಯಲ್ಲಿ ಬರುವ ಬಿಳಿ ಪ್ಯಾಕಿಂಗ್ ಫೋಮ್ ಪುಕ್ಕಟೆ ಸಿಗುತ್ತದೆ ಅಂತ ಅದರಲ್ಲಿ ಮಾಡಲು ಹೋಗಬೇಡಿ. ಅದು ಇವಿಎ ಅಲ್ಲ. ಬಿಸಿಗಾಳಿ ತಾಗಿದರೆ ಮುದುಡುತ್ತದೆ, ಬಣ್ಣ ಹಿಡಿಯುವುದಿಲ್ಲ.

ಅಳತೆಗೆ ಹಳೆಯ ಟೀ ಶರ್ಟ್ ಹಾಕಿ, ಮೇಲೆ ಅಡುಗೆಮನೆಯ ಪ್ಲಾಸ್ಟಿಕ್ ಹಾಳೆ ಸುತ್ತಿ, ಅದರ ಮೇಲೆ ಮಾಸ್ಕಿಂಗ್ ಟೇಪ್ ಅಂಟಿಸಿ. ಪೆನ್ನಿನಲ್ಲಿ ಕವಚದ ಗೆರೆ ಎಳೆದು, ಕತ್ತರಿಸಿ, ಹಾಸಿ, ಕಾಗದಕ್ಕೆ ಇಳಿಸಿಕೊಳ್ಳಿ. ಹೆಚ್ಚಿನವರು ಎಡವುವುದು ಇಲ್ಲಿ. ಟೇಪ್ ಮೈಗೆ ಅಂಟಿರುತ್ತದೆ, ಆದರೆ 10 ಮಿ.ಮೀ. ಫೋಮ್ ಬಾಗಿದಾಗ ಅದರ ನಡುಗೆರೆ ಮೈಯಿಂದ 5 ಮಿ.ಮೀ. ಹೊರಗೆ ಇರುತ್ತದೆ. ಸುತ್ತಳತೆಗೆ ಅದೇ 3 ಸೆಂ.ಮೀ. ಬೇಕು. ಉಸಿರಾಟಕ್ಕೆ, ಒಳಗಿನ ಬಟ್ಟೆಗೆ ಇನ್ನೂ 3 ಸೇರಿಸಿ. ಇದನ್ನು ಬಿಟ್ಟರೆ ನಿಂತಾಗ ಸರಿಯಾಗಿರುತ್ತದೆ, ಎರಡು ಹೆಜ್ಜೆ ಕುಣಿದರೆ ಪಕ್ಕದ ಜೋಡಣೆ ಬಿರಿಯುತ್ತದೆ.

ಬಿಸಿ ಮಾಡುವುದು ಬಾಗಿಸಲು ಮಾತ್ರ ಅಲ್ಲ, ಮೇಲ್ಮೈಯ ರಂಧ್ರ ಮುಚ್ಚಲೂ ಹೌದು. ಹೀಟ್ ಗನ್ ಒಂದು ಗೇಣು ದೂರ ಹಿಡಿದು ಆಡಿಸುತ್ತಾ ಇರಿ. ಮಂಕಾದ ಮೇಲ್ಮೈ ತುಸು ಮಿರುಗಿತು ಅಂದರೆ ಸಾಕು. ಕೂಡಲೇ ತೊಡೆಯ ಮೇಲೆ ಬಾಗಿಸಿ, ತಣಿಯುವವರೆಗೆ ಹಾಗೇ ಹಿಡಿದುಕೊಳ್ಳಿ. ಕಿಟಕಿ ತೆರೆದಿರಲಿ, ಆ ಹೊಗೆ ಒಳ್ಳೆಯದಲ್ಲ.

ಅಂಟಿಗೆ ಬಿಳಿ ಫೆವಿಕಾಲ್ ಬೇಡ. ಚಪ್ಪಲಿ, ಸೋಫಾ ಕೆಲಸದವರು ಬಳಸುವ ಹಳದಿ ರಬ್ಬರ್ ಅಂಟು ಬೇಕು, ಈ ಕೆಲಸಕ್ಕೆ ಅರ್ಧ ಲೀಟರ್ ಸಾಕು. ಎರಡೂ ಅಂಚಿಗೆ ತೆಳ್ಳಗೆ ಹಚ್ಚಿ, ಬೆರಳಿಗೆ ಅಂಟದಷ್ಟು ಒಣಗಿದ ಮೇಲೆ ಒತ್ತಿ ಕೂಡಿಸಬೇಕು. ಡಬ್ಬದ ಮೇಲೆ 10-15 ನಿಮಿಷ ಅಂತ ಬರೆದಿರುತ್ತದೆ. ನಮ್ಮ ಮಳೆಗಾಲಕ್ಕೆ ಆ ಲೆಕ್ಕ ನಡೆಯುವುದಿಲ್ಲ. ದ್ರಾವಕ ಆರುವಾಗ ಮೇಲ್ಮೈ ತಣ್ಣಗಾಗಿ ಗಾಳಿಯ ತೇವ ಅದರ ಮೇಲೆ ಕೂರುತ್ತದೆ. ಅಂಟು ಬೆಳ್ಳಗೆ ಮಂಜುಗಟ್ಟಿದಂತೆ ಕಂಡರೆ ಜೋಡಿಸಬೇಡಿ, ಹೇರ್ ಡ್ರೈಯರ್‌ನಲ್ಲಿ ತೇವ ಹಾರಿಸಿ, ಇನ್ನೊಂದು ಕೈ ಹಚ್ಚಿ ಕೂಡಿಸಿ.

ಬಣ್ಣಕ್ಕೆ ಮೊದಲು ಫೋಮಿಗೆ ಒಂದು ಹೊದಿಕೆ ಬೇಕು. ವಿಡಿಯೋಗಳಲ್ಲಿ ಬಿಳಿ ಅಂಟು ನೀರಿಗೆ ಬೆರೆಸಿ ಬಳಿಯುತ್ತಾರೆ. ಎಸಿ ಹಾಲ್‌ಗೆ ಅದು ಸರಿ, ರಥಬೀದಿಯ ಮಳೆಗೆ ಅದೇ ಅಂಟು ಮತ್ತೆ ಹಾಲಾಗಿ ಇಳಿಯುತ್ತದೆ. ತಾರಸಿಗೆ ಬಳಿಯುವ ಅಕ್ರಿಲಿಕ್ ವಾಟರ್‌ಪ್ರೂಫ್ ಕೋಟಿಂಗ್ ತೆಳ್ಳಗೆ ಎರಡು ಕೈ ಹೊಡೆಯಿರಿ. ರಬ್ಬರಿನ ಹಾಗೆ ಬಾಗುತ್ತದೆ, ಒಡೆಯುವುದಿಲ್ಲ. ಕೈ ಕೈ ನಡುವೆ ಒಂದು ದಿನ ಬಿಡಿ. ಅದರ ಮೇಲೆ ಅಕ್ರಿಲಿಕ್ ಬಣ್ಣ, ಕೊನೆಗೆ ಕ್ಲಿಯರ್ ಸ್ಪ್ರೇ.

ಖಡ್ಗಕ್ಕೆ ವಯರಿಂಗಿನ 20 ಮಿ.ಮೀ. ಪಿವಿಸಿ ಪೈಪು, ಎರಡು ಬದಿಗೆ 6 ಮಿ.ಮೀ. ಫೋಮ್. ಪೈಪು ತುದಿಗಿಂತ ಒಂದು ಗೇಣು ಮೊದಲೇ ನಿಲ್ಲಬೇಕು. ಪಕ್ಕದವನ ಕಣ್ಣಿಗೆ ತಾಗಿದರೂ ತಾಗುವುದು ಬರೀ ಮೆತ್ತನೆಯ ಫೋಮ್ ಆಗಿರಲಿ.

ರಥಬೀದಿ ಕಾಮಿಕ್ಸ್:

ತುಂಬ ಉಪಕಾರ. ಮುಖದ ಹಸಿರು? ಹುಲಿವೇಷದವರ ಹಾಗೆ ಮೈಪೂರ್ತಿ ಬಣ್ಣ ಹೊಡೆಸಿದರೆ ಮಳೆಗೆ ನಿಲ್ಲುತ್ತದೆ ಅಲ್ವಾ?

ಬಣ್ಣದ ಪೆಟ್ಟಿಗೆ:

ನಿಲ್ಲುತ್ತದೆ, ಆದರೆ ನಿಮ್ಮ ವೇಷಕ್ಕೆ ಬೇಡ. ಹುಲಿವೇಷದಲ್ಲಿ ಮೈ ಬರಿದಾಗಿರುತ್ತದೆ, ಬಣ್ಣಕ್ಕೆ ಗಾಳಿ ತಾಗುತ್ತದೆ. ನೀವು ಅದರ ಮೇಲೆ ಫೋಮ್ ಕವಚ ತೊಟ್ಟರೆ ಬೆವರು ಹೋಗಲು ದಾರಿಯೇ ಇಲ್ಲ. ಎಣ್ಣೆ ಪೇಂಟು ಚರ್ಮಕ್ಕೂ ಒಳ್ಳೆಯದಲ್ಲ, ತೆಗೆಯಲು ಸೀಮೆಎಣ್ಣೆ ಉಜ್ಜುವುದಂತೂ ಇನ್ನೂ ಕೆಟ್ಟದ್ದು. ಕೈಗೆ, ಕುತ್ತಿಗೆಯ ಕೆಳಗೆ ಹಸಿರು ಲೈಕ್ರಾ ಬಟ್ಟೆ. ಮುಖ, ಕಿವಿ, ಕುತ್ತಿಗೆಗೆ ಮಾತ್ರ ಬಣ್ಣ. ಬಟ್ಟೆಯನ್ನು ಮೊದಲು ಕೊಂಡು, ಅದಕ್ಕೆ ಹೊಂದುವ ಹಾಗೆ ಬಣ್ಣ ಬೆರೆಸಿ. ಬಣ್ಣ ಮೊದಲು ತಂದರೆ ಅದೇ ಹಸಿರಿನ ಬಟ್ಟೆಗೆ ಮಂಗಳೂರಿನ ಅಂಗಡಿ ಅಂಗಡಿ ಅಲೆಯಬೇಕಾಗುತ್ತದೆ.

ನೀರಿನಲ್ಲಿ ಕಲಸುವ ಫೇಸ್ ಪೇಂಟ್ ಮೊದಲ ಹನಿಗೇ ಗಲ್ಲಕ್ಕೆ ಇಳಿಯುತ್ತದೆ. ಆಲ್ಕೊಹಾಲ್ ಬಣ್ಣ ಮಳೆ, ಬೆವರು ಎರಡನ್ನೂ ತಡೆಯುತ್ತದೆ, ಆದರೆ ಕಣ್ಣಿನ ಹತ್ತಿರ ಉರಿ. ಆದ್ದರಿಂದ ಕೆನ್ನೆ, ಹಣೆ, ಕುತ್ತಿಗೆಗೆ ಅದು. ಕಣ್ಣಿನ ರೆಪ್ಪೆಗೆ, ಸುತ್ತಲಿಗೆ ಕ್ರೀಮ್ ಬಣ್ಣ. ನಮ್ಮ ಮೈಬಣ್ಣದ ಮೇಲೆ ಹಸಿರು ನೇರ ಹಚ್ಚಿದರೆ ಪಾಚಿಯ ಹಾಗೆ ಕಪ್ಪಗೆ ಕಾಣುತ್ತದೆ. ಮೊದಲು ತಿಳಿ ಹಳದಿಯದ್ದು ಒಂದು ತೆಳು ಪದರ, ಒಣಗಿದ ಮೇಲೆ ಹಸಿರು. ಒಂದು ದಪ್ಪ ಪದರಕ್ಕಿಂತ ಸ್ಪಂಜಿನಲ್ಲಿ ತಟ್ಟಿದ ಎರಡು ತೆಳು ಪದರ ಹೆಚ್ಚು ಹೊತ್ತು ಬಾಳುತ್ತದೆ. ದಪ್ಪ ಪದರ ನಕ್ಕಾಗ ಬಾಯಿಯ ಪಕ್ಕದಲ್ಲಿ ಬಿರುಕು ಬಿಡುತ್ತದೆ. ಕ್ರೀಮ್ ಹಚ್ಚಿದ ಕಡೆಗೆ ಪೌಡರ್ ಒತ್ತಿ, ಐದು ನಿಮಿಷ ಬಿಟ್ಟು, ಬ್ರಷ್‌ನಲ್ಲಿ ಝಾಡಿಸಿ. ನೆರಳಿಗೆ ಕಡು ಹಸಿರೇ ಇರಲಿ, ಕಪ್ಪು ಬಳಿದರೆ ರಾಕ್ಷಸನ ಕಳೆ ಬರುತ್ತದೆ.

ಕಿವಿಯ ಹಿಂದೆ, ಮೂಗಿನ ಹೊಳ್ಳೆ, ವಿಗ್ಗಿನ ಅಂಚು, ಈ ಮೂರು ಜಾಗ ಬಿಟ್ಟೇ ಹೋಗುತ್ತದೆ. ವಿಗ್ಗು ಕೂರುವ ಗೆರೆಗಿಂತ ಎರಡು ಬೆರಳು ಮೇಲಕ್ಕೆ ಹಸಿರು ಹಚ್ಚಿ, ವಿಗ್ಗು ಕೊನೆಗೆ. ಹೊಂಬಣ್ಣದ ವಿಗ್ಗು ಗಿಡ್ಡಗೆ ಕತ್ತರಿಸಿರಲಿ, ಉದ್ದದ್ದು ಒದ್ದೆಯಾದರೆ ಮುಖಕ್ಕೆ ಅಂಟುತ್ತದೆ. ಯಾವ ಬಣ್ಣವಾದರೂ ಒಂದು ದಿನ ಮೊದಲು ಮೊಣಕೈಯ ಒಳಬದಿಗೆ ಹಚ್ಚಿ ನೋಡಿ. ತುರಿಕೆ ಬಂದರೆ ಬೇರೆ ಕಂಪನಿಯದ್ದು ತನ್ನಿ. ಬಟ್ಟೆಗೆ ಹಾಕುವ, ರಂಗೋಲಿಗೆ ಬಳಸುವ ಹಸಿರು ಪುಡಿ ಮಾತ್ರ ಮುಖಕ್ಕೆ ಬೇಡವೇ ಬೇಡ.

ಕುಡ್ಲ ಕ್ರಿಪ್ಟಾನ್:

ಇಷ್ಟೆಲ್ಲ ರಗಳೆ ಎಂತಕ್ಕೆ? ಡಿಸಿ ಕಾಮಿಕ್ಸ್‌ನ ಪ್ರಿನ್ಸ್ ಗೇವಿನ್ ಇದ್ದಾನಲ್ಲ, 1980ರ ‘ಅಡ್ವೆಂಚರ್ ಕಾಮಿಕ್ಸ್’ನಲ್ಲಿ ಪಾಲ್ ಲೆವಿಟ್ಜ್, ಸ್ಟೀವ್ ಡಿಟ್ಕೊ ತಂದ ಸ್ಟಾರ್‌ಮ್ಯಾನ್. ಅವನೂ ಅನ್ಯಗ್ರಹದ ರಾಜಕುಮಾರನೇ. ಅಕ್ಕನಿಗೆ ಪಟ್ಟವಾದಾಗ ಕಾನೂನಿನ ಪ್ರಕಾರ ಇವನನ್ನು ಬಾಹ್ಯಾಕಾಶಕ್ಕೆ ಎಸೆಯುತ್ತಾರೆ, ಅಲ್ಲಿ ಇವನ ಶಕ್ತಿ ಎಚ್ಚರವಾಗುತ್ತದೆ. ಮನುಷ್ಯನದ್ದೇ ಮೈಬಣ್ಣ, ಮಳೆಗೆ ಕರಗಲು ಏನೂ ಇಲ್ಲ.

ಪ್ಯಾನೆಲ್ ಪುರಾಣ:

ಪಾತ್ರ ಚೆಂದವೇ. ಆದರೆ ಹಲ್ಕ್‌ಲಿಂಗ್‌ನನ್ನು ಹಲ್ಕ್ ಅಂತಾದರೂ ಕರೆಯುತ್ತಾರೆ, ಗೇವಿನ್‌ನನ್ನು ಯಾವುದೋ ಸರ್ಕಸ್ ಕಂಪನಿಯವ ಅಂತಾರೆ. ರವಿ ಕಟಪಾಡಿಯವರ ವೇಷಗಳನ್ನು ಕಂಡ ಊರು ಇದು, ಜನರ ಕಣ್ಣು ದೊಡ್ಡ ಆಕೃತಿಗೆ ಒಗ್ಗಿದೆ. ರೆಕ್ಕೆ ಇದ್ದರೆ ನಾಲ್ಕು ಜನ ನಿಂತು ನೋಡುತ್ತಾರೆ.

ಫೋಮ್ ಕತ್ತರಿ:

ರೆಕ್ಕೆಗೆ ಹಳೆಯ ದೊಡ್ಡ ಕೊಡೆ ಎರಡು ತೆಗೆದುಕೊಳ್ಳಿ, ಎಂಟು ಕಡ್ಡಿಯದ್ದು. ಒಂದೊಂದು ಕೊಡೆಯ ಅರ್ಧ, ಅಂದರೆ ನಾಲ್ಕು ಕಡ್ಡಿ, ಒಂದೊಂದು ರೆಕ್ಕೆಗೆ. ಬಟ್ಟೆ ಬಿಚ್ಚುವುದೇ ಬೇಡ, ಅಂಚಿನ ಕಮಾನು ಬಾವಲಿ ರೆಕ್ಕೆಯದ್ದೇ ಆಕಾರ, ಮಳೆ ನೀರೂ ಜಾರುತ್ತದೆ. ಮೇಲೆ ಹಸಿರು ಸ್ಪ್ರೇ ಹೊಡೆದರೆ ಆಯ್ತು. ಮಡಚುವ ವ್ಯವಸ್ಥೆ ಕೊಡೆಯಲ್ಲೇ ಉಂಟಲ್ಲ, ಜಾರುವ ಉಂಗುರಕ್ಕೆ ದಾರ ಕಟ್ಟಿ ಸೊಂಟದ ಹತ್ತಿರ ತನ್ನಿ. ಎಳೆದರೆ ಬಿಚ್ಚಬೇಕು, ಬಿಟ್ಟರೆ ಮುಚ್ಚಬೇಕು. ಮೂರು ಮಡಿಕೆಯ ಸಣ್ಣ ಕೊಡೆ ತರಬೇಡಿ, ಅದರ ಕೀಲು ಒಂದೇ ಗಾಳಿಗೆ ತಿರುಚುತ್ತದೆ.

ಕೊಡೆಯ ದಂಡು ಕೂರಿಸಲು ಬೆನ್ನಿಗೆ 25×30 ಸೆಂ.ಮೀ. ಹಲಗೆ, 6 ಮಿ.ಮೀ. ಮರೈನ್ ಪ್ಲೈ. ಸಾದಾ ಪ್ಲೈ ಒದ್ದೆಯಾದರೆ ಬೋಲ್ಟಿನ ತೂತಿನ ಹತ್ತಿರ ಪದರ ಬಿಡುತ್ತದೆ. ಬೋಲ್ಟಿಗೆ ಎರಡೂ ಬದಿ ಅಗಲದ ವಾಷರ್ ಹಾಕಿ. ಹಳೆಯ ಶಾಲೆಯ ಬ್ಯಾಗಿನ ಪಟ್ಟಿ ಭುಜಕ್ಕೆ, ಅದರ ಜೊತೆ ಸೊಂಟಕ್ಕೂ ಒಂದು ಬೆಲ್ಟ್ ಬೇಕೇ ಬೇಕು. ಭಾರ ಸೊಂಟದ ಮೇಲೆ ಕೂರದಿದ್ದರೆ ಸಂಜೆಗೆ ಕುತ್ತಿಗೆ ಎತ್ತಲಾಗುವುದಿಲ್ಲ. ಎಲ್ಲ ಸೇರಿ 2 ಕೆಜಿ ದಾಟದಿರಲಿ. ಕಡ್ಡಿಯ ತುದಿಗಳಿಗೆ ಫೋಮ್ ಉಂಡೆ ಅಂಟಿಸಿ.

ಜನಸಂದಣಿಯ ಮಾತಿಗೆ: ಮುಚ್ಚಿದ ರೆಕ್ಕೆ ನಿಮ್ಮ ಭುಜಕ್ಕಿಂತ ಅಗಲ ಇರಬಾರದು. ಮೊಸರು ಕುಡಿಕೆ ಒಡೆಯುವಾಗ ಗುರ್ಜಿಯ (ಕುಡಿಕೆ ತೂಗುಹಾಕುವ ಮರದ ಚೌಕಟ್ಟು) ಸುತ್ತ ನೂಕುನುಗ್ಗಲು, ಅಲ್ಲಿ ಹಗ್ಗಕ್ಕೂ ಕಡ್ಡಿ ಸಿಕ್ಕಿಕೊಳ್ಳಬಹುದು. ಆಗ ಮುಚ್ಚಿಯೇ ಇಡಿ. ಖಾಲಿ ಜಾಗ ಸಿಕ್ಕಿದಲ್ಲಿ ಫೋಟೊಗೆ ಬಿಚ್ಚಿದರೆ ಸಾಕು.

ಪ್ಯಾನೆಲ್ ಪುರಾಣ:

ಮುಚ್ಚಿಟ್ಟರೂ ಪಾತ್ರಕ್ಕೆ ತಪ್ಪಲ್ಲ. ಇವನು ರೂಪ ಬದಲಿಸುವವನು, ಹಾರುವಾಗ ಮಾತ್ರ ರೆಕ್ಕೆ ಬೆಳೆಸುತ್ತಾನೆ.

ಬಣ್ಣದ ಪೆಟ್ಟಿಗೆ:

ತೆಗೆಯುವ ಕ್ರಮವನ್ನೂ ಹೇಳಿಬಿಡುತ್ತೇನೆ, ರಾತ್ರಿ ದಣಿದು ಬಂದಾಗ ಸೋಪು ಉಜ್ಜಲು ಶುರು ಮಾಡಬೇಡಿ. ಮೊದಲು ಕಣ್ಣಿನ ಸುತ್ತಲಿನ ಕ್ರೀಮ್ ಬಣ್ಣಕ್ಕೆ ಕೊಬ್ಬರಿ ಎಣ್ಣೆ, ಹತ್ತಿಯಲ್ಲಿ ಒರೆಸುವುದು. ಆಮೇಲೆ ಕೆನ್ನೆ, ಹಣೆಯ ಆಲ್ಕೊಹಾಲ್ ಬಣ್ಣಕ್ಕೆ ಅದರದ್ದೇ ರಿಮೂವರ್, ಬಣ್ಣದ ಜೊತೆಗೇ ಕೊಂಡಿಟ್ಟುಕೊಳ್ಳಿ. ಸೋಪು, ಉಗುರುಬೆಚ್ಚಗಿನ ನೀರು ಎಲ್ಲ ಆದ ಮೇಲೆ. ಕಿವಿಯ ಹಿಂದೆ ಮರುದಿನವೂ ಸ್ವಲ್ಪ ಹಸಿರು ಉಳಿಯುತ್ತದೆ, ಉಜ್ಜಿ ಗಾಯ ಮಾಡಿಕೊಳ್ಳಬೇಡಿ, ಎರಡು ಸ್ನಾನಕ್ಕೆ ತಾನೇ ಹೋಗುತ್ತದೆ.