ಓದುಗರ ಸ್ಪಂದನ: ‘ಅತ್ತಿಗೆ ಪಾತ್ರದಲ್ಲೇ ವಯಸ್ಸು ಕಳೆಯಿತು, ಮುಂದುವರಿಯಲಾ, ಬಿಡಲಾ?’

ಕಳೆದ ಸಂಚಿಕೆಯಲ್ಲಿ ಮಂಡ್ಯದ ಓದುಗರೊಬ್ಬರು ತಮ್ಮ ಕಷ್ಟ ಬರೆದುಕೊಂಡಿದ್ದರು. ನಾಟಕದಿಂದ ಬಂದವರು, ವಯಸ್ಸು 38. ಸಣ್ಣ ಬಜೆಟ್ಟಿನ ಸಿನಿಮಾಗಳಲ್ಲಿ, ಧಾರಾವಾಹಿಗಳಲ್ಲಿ ಅತ್ತಿಗೆ, ಪಕ್ಕದ ಮನೆಯಾಕೆ, ನಾಯಕಿಯ ಅಮ್ಮ, ಹೀಗೇ ಪಾತ್ರಗಳು. ಒಂದು ಧಾರಾವಾಹಿಯಲ್ಲಿ ಅವರ ಪಾತ್ರವನ್ನು ಹೇಳದೆ ಕೇಳದೆ ‘ತವರಿಗೆ’ ಕಳಿಸಿಬಿಟ್ಟರು, ಬಾಕಿ ದುಡ್ಡು ಇನ್ನೂ ಬಂದಿಲ್ಲ. ಒಂದು ಸಿನಿಮಾದ ಟೈಟಲ್ ಕಾರ್ಡಿನಲ್ಲಿ ಹೆಸರೇ ಇಲ್ಲ. ಮನೆಯವರು ‘ಬಿ.ಎಡ್ ಮಾಡಿದ್ದೀಯಲ್ಲ, ಸ್ಕೂಲಿಗೆ ಸೇರಿಕೋ’ ಅನ್ನುತ್ತಿದ್ದಾರೆ. ಬಂದ ಪತ್ರಗಳಲ್ಲಿ ಕೆಲವು ಇಲ್ಲಿವೆ.

*

ತಂಗಿ, ನಿಮ್ಮ ಪತ್ರ ಓದಿ ಸುಮ್ನೆ ಇರೋಕೆ ಆಗಲಿಲ್ಲ. ನಾನೂ ಇದೇ ಕೆಲಸದವಳು, ವಯಸ್ಸಿನಲ್ಲಿ ನಿಮಗಿಂತ ದೊಡ್ಡವಳು. ಅದಕ್ಕೇ ಸಲುಗೆಯಿಂದ ಹೇಳುತ್ತೇನೆ. ದುಡ್ಡು ಬರಲಿಲ್ಲ, ಹೆಸರು ಹಾಕಲಿಲ್ಲ, ನಾಯಕಿ ಆಗಲಿಲ್ಲ, ಈ ಮೂರನ್ನೂ ನೀವು ಒಂದೇ ಗಂಟು ಕಟ್ಟಿದ್ದೀರಿ. ಮೊದಲ ಎರಡು ಅನ್ಯಾಯ, ಅದಕ್ಕೆ ಜಗಳ ಆಡಲೇಬೇಕು. ಮೂರನೆಯದು ಅನ್ಯಾಯ ಅಲ್ಲ. ನೀವು ಮಾಡುತ್ತಿರುವ ಕೆಲಸವೇ ಬೇರೆ.

ಪೋಷಕ ನಟಿ ಅಂದರೆ ನಾಯಕಿ ಆಗದೆ ಉಳಿದುಹೋದವಳು ಅಂತ ಜನ ತಿಳಿದುಕೊಂಡಿದ್ದಾರೆ. ಬರಬರುತ್ತಾ ನಾವೂ ಅದನ್ನೇ ನಂಬಿಬಿಡುತ್ತೇವೆ. ಸೆಟ್ಟಿನಲ್ಲಿ ಏನು ನಡೆಯುತ್ತದೆ ಅಂತ ನಿಮಗೆ ಗೊತ್ತು, ಇದನ್ನು ಓದುವ ನಿಮ್ಮ ಮನೆಯವರಿಗೂ ಗೊತ್ತಾಗಲಿ. ಡೈಲಾಗ್ ಪೇಪರ್ ಕೈಗೆ ಬರುವುದು ಎಷ್ಟೋ ಸಲ ಮೇಕಪ್ ಆಗುವ ಹೊತ್ತಿಗೆ. ಕ್ಯಾಮೆರಾ ಹಿಂದೆ ಅಸಿಸ್ಟೆಂಟ್ ಜೋರಾಗಿ ಪ್ರಾಂಪ್ಟ್ ಮಾಡುತ್ತಿರುತ್ತಾನೆ, ಅದನ್ನು ಕೇಳಿಸಿಕೊಂಡೂ ಕೇಳಿಸದವರ ಹಾಗೆ ಎದುರಿನವರ ಕಣ್ಣು ನೋಡಿ ಮಾತಾಡಬೇಕು. ಮಾಸ್ಟರ್ ಶಾಟ್‌ನಲ್ಲಿ, ಅಂದರೆ ಇಡೀ ಸೀನನ್ನು ಒಟ್ಟಿಗೆ ತೆಗೆಯುವ ಶಾಟ್‌ನಲ್ಲಿ, ಕಾಫಿ ಲೋಟ ಯಾವ ಕೈಯಲ್ಲಿತ್ತು, ಸೆರಗು ಸೊಂಟಕ್ಕೆ ಸಿಕ್ಕಿಸಿತ್ತಾ, ಯಾವ ಮಾತಿಗೆ ತಿರುಗಿ ನೋಡಿದಿರಿ, ಎಲ್ಲ ನೆನಪಿರಬೇಕು, ಯಾಕೆಂದರೆ ನಾಯಕಿಯ ಕ್ಲೋಸಪ್‌ಗಳೆಲ್ಲ ಮುಗಿದು ನಿಮ್ಮ ರಿಯಾಕ್ಷನ್ ತೆಗೆಯುವ ಹೊತ್ತಿಗೆ ಅವರು ಮುಂದಿನ ಸೀನಿಗೆ ಸೀರೆ ಬದಲಾಯಿಸಲು ಹೋಗಿರುತ್ತಾರೆ, ನೀವು ಲೈಟ್ ಸ್ಟ್ಯಾಂಡ್ ನೋಡಿಕೊಂಡು ಕಣ್ಣಲ್ಲಿ ನೀರು ತರಿಸಬೇಕು. ಆ ರಿಯಾಕ್ಷನ್ ಸುಳ್ಳಾದರೆ ನಾಯಕಿಯ ಅಳುವೂ ಸುಳ್ಳಾಗಿ ಕಾಣುತ್ತದೆ. ಇದು ನಾಯಕಿ ಪಾತ್ರಕ್ಕೆ ಏರುವ ಮೆಟ್ಟಿಲಲ್ಲ, ಇದೇ ಒಂದು ಪೂರ್ತಿ ಕೆಲಸ. ರಾಷ್ಟ್ರ ಪ್ರಶಸ್ತಿಯಲ್ಲಿ ಪೋಷಕ ನಟಿಗೆ ಅಂತ ಬೇರೆ ಬಹುಮಾನ ಶುರುವಾಗಿದ್ದೇ 1984ರ ಸಿನಿಮಾಗಳಿಂದ. ಅಷ್ಟು ತಡವಾಗಿ ಅದು ಸರ್ಕಾರದ ಕಣ್ಣಿಗೆ ಬಿತ್ತು.

ಉಮಾಶ್ರೀ ಅವರನ್ನೇ ನೋಡಿ. ನಾಟಕದಿಂದ ಬಂದವರು, ಎಷ್ಟೋ ವರ್ಷ ಹಾಸ್ಯದ ಪಾತ್ರ, ಪೋಷಕ ಪಾತ್ರ ಮಾಡಿದವರು. ಆಮೇಲೆ ಗಿರೀಶ ಕಾಸರವಳ್ಳಿಯವರ ‘ಗುಲಾಬಿ ಟಾಕೀಸ್’ಗೆ ಅವರಿಗೆ ಅತ್ಯುತ್ತಮ ನಟಿ ರಾಷ್ಟ್ರ ಪ್ರಶಸ್ತಿ ಬಂತು. ನಿಮಗೂ ಒಂದು ದಿನ ಹಾಗೇ ಆಗುತ್ತದೆ ಅಂತ ಸಮಾಧಾನ ಮಾಡೋಕೆ ಇದನ್ನು ಹೇಳುತ್ತಿಲ್ಲ, ಯಾರಿಗೆ ಆಗುತ್ತದೆ ಯಾರಿಗೆ ಇಲ್ಲ ಅಂತ ಯಾರೂ ಹೇಳೋಕಾಗಲ್ಲ. ಆದರೆ ಆ ಪಾತ್ರ ಸಿಕ್ಕಮೇಲೆ ನಟನೆ ಕಲಿಯಲು ಕೂತವರಲ್ಲ ಅವರು. ಸಣ್ಣ ಪಾತ್ರಗಳಲ್ಲೇ ಪಳಗಿದ್ದರು.

ವಯಸ್ಸಿನ ಚಿಂತೆ ಬಿಡಿ. ‘ಕೆಜಿಎಫ್’ನಲ್ಲಿ ನಾಯಕನ ತಾಯಿಯಾಗಿ ನಟಿಸಿದ ಅರ್ಚನಾ ಜೋಯಿಸ್ ಅವರಿಗೆ ಆಗ ಮೂವತ್ತೂ ದಾಟಿರಲಿಲ್ಲ. ನಾಯಕಿಯರಿಗೆ ಮೂವತ್ತೈದಕ್ಕೆ ಅವಕಾಶ ಕಡಿಮೆಯಾಗುತ್ತದೆ, ನಮಗೆ ಶುರುವಾಗುವುದೇ ಅಲ್ಲಿಂದ.

ಇನ್ನೊಂದು ಮಾತು, ನಾಟಕ ಬಿಡಬೇಡಿ. ಬಿ.ವಿ. ಕಾರಂತರು ಕಟ್ಟಿದ ರಂಗಾಯಣ 1989ರಿಂದ ಇಲ್ಲೇ ಮೈಸೂರಿನಲ್ಲಿದೆ. ರಾಮಕೃಷ್ಣನಗರದಲ್ಲಿ ನಟ ಮಂಡ್ಯ ರಮೇಶ್ ಅವರ ರಂಗಶಾಲೆ ‘ನಟನ’ ಇದೆ. ಅವರೂ ಪೋಷಕ ಪಾತ್ರಗಳಿಂದಲೇ ಮನೆಮಾತಾದವರು, ಅಲ್ವಾ? ಮಂಡ್ಯದಿಂದ ಮೈಸೂರು ಏನು ದೂರ. ಸಂಜೆ ರಿಹರ್ಸಲ್ ಮುಗಿಸಿ ಬಸ್ಸು ಹತ್ತಿದರೆ ರಾತ್ರಿ ಊಟಕ್ಕೆ ಮನೆಯಲ್ಲಿರುತ್ತೀರಿ. ಧಾರಾವಾಹಿಯಲ್ಲಿ ನಿಮ್ಮನ್ನು ತವರಿಗೆ ಕಳಿಸಬಹುದು, ಆದರೆ ಸ್ಟೇಜಿನ ಮೇಲೆ ಶುರುವಾದ ಪಾತ್ರ ಕೊನೆಯ ದೃಶ್ಯದವರೆಗೂ ನಿಮ್ಮದೇ. ಮನಸ್ಸು ಗಟ್ಟಿಯಾಗಿರೋಕೆ ಅದು ಬೇಕು.

— ರಂಗನಟಿ, ಸರಸ್ವತಿಪುರಂ, ಮೈಸೂರು

*

ಮೇಡಂ, ನಾನು ಲೆಕ್ಕಪತ್ರ ನೋಡುವವನು, ಕಲೆ ಬಗ್ಗೆ ಹೇಳುವ ಯೋಗ್ಯತೆ ಇಲ್ಲ. ದುಡ್ಡಿನ ವಿಷಯ ಮಾತ್ರ ಹೇಳುತ್ತೇನೆ.

ಮೊದಲು ಇನ್‌ಕಮ್ ಟ್ಯಾಕ್ಸ್ ಪೋರ್ಟಲ್‌ಗೆ ಹೋಗಿ ನಿಮ್ಮ 26ಎಎಸ್, ಅಂದರೆ ನಿಮ್ಮ ಹೆಸರಿನಲ್ಲಿ ಕಟ್ಟಿದ ತೆರಿಗೆಯ ಪಟ್ಟಿ, ತೆಗೆದು ನೋಡಿ. ಕಲಾವಿದರ ಸಂಭಾವನೆಯಲ್ಲಿ ನಿರ್ಮಾಪಕರು ಸಾಮಾನ್ಯವಾಗಿ ಶೇ 10 ಟಿಡಿಎಸ್ (ದುಡ್ಡು ಕೊಡುವ ಮುಂಚೆಯೇ ಮುರಿದುಕೊಳ್ಳುವ ತೆರಿಗೆ) ಹಿಡಿಯುತ್ತಾರೆ. ನಿಮಗೆ ದುಡ್ಡು ಕೊಡದೆ ಅವರ ಪುಸ್ತಕದಲ್ಲಿ ಮಾತ್ರ ಲೆಕ್ಕ ಬರೆದು ಟಿಡಿಎಸ್ ಕಟ್ಟಿದ್ದರೆ ಅದು ಅಲ್ಲಿ ಕಾಣುತ್ತದೆ. ‘ನಿಮಗೆ ಬಾಕಿ ಏನೂ ಇಲ್ಲ’ ಅನ್ನುವವರ ಮುಂದೆ ಇಡೋಕೆ ಅದಕ್ಕಿಂತ ಒಳ್ಳೆಯ ಕಾಗದ ಇಲ್ಲ. ನಿಮ್ಮ ಆದಾಯ ತೆರಿಗೆ ಮಿತಿಯೊಳಗೆ ಇದ್ದರೆ ರಿಟರ್ನ್ಸ್ ಹಾಕಿ ಆ ಟಿಡಿಎಸ್ ವಾಪಸ್ ತೆಗೆದುಕೊಳ್ಳಿ, ಎಷ್ಟೋ ಕಲಾವಿದರು ಗೊತ್ತಿಲ್ಲದೆ ಬಿಟ್ಟುಬಿಡುತ್ತಾರೆ.

ಶೂಟಿಂಗ್ ಕರೆದ ವಾಟ್ಸಾಪ್ ಮೆಸೇಜು, ಕಾಲ್‌ಶೀಟ್, ನೀವು ಕಾಣಿಸಿಕೊಂಡ ಎಪಿಸೋಡುಗಳ ದಿನಾಂಕ, ಎಲ್ಲ ಒಂದು ಕಡೆ ಇಡಿ. ಮಂಡ್ಯ ಕೋರ್ಟಿಗೆ ಹೋಗಿ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಲ್ಲಿ ವಿಚಾರಿಸಿ. ಹೆಂಗಸರಿಗೆ ಆದಾಯ ಎಷ್ಟೇ ಇರಲಿ ಅಲ್ಲಿ ವಕೀಲರ ನೆರವು ಉಚಿತ. ತಡ ಮಾಡಬೇಡಿ, ಇಂಥ ಬಾಕಿಗೆ ದಾವೆ ಹಾಕಲು 3 ವರ್ಷದ ಗಡುವು ಇರುತ್ತದೆ.

ಹೆಸರಿನ ವಿಷಯಕ್ಕೂ ಕಾನೂನು ಇದೆ. 2012ರಲ್ಲಿ ಕಾಪಿರೈಟ್ ಕಾಯ್ದೆಗೆ ತಿದ್ದುಪಡಿ ಆದಮೇಲೆ, ಅಭಿನಯಿಸಿದವರು ಇವರೇ ಅಂತ ಗುರುತಿಸಿಕೊಳ್ಳುವ ಹಕ್ಕು ಕಲಾವಿದರಿಗಿದೆ. ಥಿಯೇಟರಿನಲ್ಲಿ ಓಡಿ ಮುಗಿದಿರಬಹುದು, ಓಟಿಟಿಗೆ ಕೊಡುವ ಮುಂಚೆ ಹೆಸರು ಸೇರಿಸಿ ಅಂತ ಲಿಖಿತವಾಗಿ ಕೇಳಿ. ಇನ್ನು ಮುಂದೆ ದಿನಕ್ಕೆ ಎಷ್ಟು, ತಿಂಗಳಿಗೆ ಎಷ್ಟು ದಿನ, ದುಡ್ಡು ಯಾವಾಗ, ಕಾಸ್ಟ್ಯೂಮ್ ಮತ್ತು ಓಡಾಟದ ಖರ್ಚು ಯಾರದು, ಇಷ್ಟನ್ನು ಬರಹದಲ್ಲಿ ಪಡೆಯದೆ ಮನೆಯಿಂದ ಹೊರಡಬೇಡಿ.

— ತೆರಿಗೆ ಸಲಹೆಗಾರ, ಮಂಡ್ಯ

*

ಅಕ್ಕಾ, ನಾನು ನಟನೆ ಬಿಟ್ಟು ಬಂದವಳು. ಮಗಳು ಚಿಕ್ಕವಳಿದ್ದಳು, ಮನೆ ಸಾಲ ಇತ್ತು, ಮುಂದಿನ ತಿಂಗಳು ಶೂಟಿಂಗ್ ಇದೆಯೋ ಇಲ್ಲವೋ ಗೊತ್ತಿಲ್ಲದೆ ಬದುಕೋಕೆ ಆಗಲಿಲ್ಲ. ಈಗ ಹೈಸ್ಕೂಲಿನಲ್ಲಿ ಕನ್ನಡ ಪಾಠ ಮಾಡುತ್ತೇನೆ. ಬೇಜಾರಿಲ್ಲ. ಕ್ಲಾಸಿನಲ್ಲಿ ನಾಟಕ ಓದುವಾಗ ಹಿಂದಿನ ಬೆಂಚಿನ ಹುಡುಗರೂ ತಲೆ ಎತ್ತುತ್ತಾರೆ, ಆ ಸುಖ ನನಗೆ ಸೆಟ್ಟಿನಲ್ಲಿ ಸಿಕ್ಕಿರಲಿಲ್ಲ. ಬಿಡುವುದು ಸೋಲು ಅಂತ ಯಾರಾದರೂ ಅಂದರೆ ಕೇಳಬೇಡಿ. ಆದರೆ ಮನೆಯವರ ಬಾಯಿಗೆ ಹೆದರಿ ಬಿಡಬೇಡಿ, ಮನೆಯ ಲೆಕ್ಕ ನೋಡಿ ಬಿಡಿ. ಅವೆರಡೂ ಬೇರೆ ಬೇರೆ.

— ಶಿಕ್ಷಕಿ, ಕುವೆಂಪುನಗರ, ಮೈಸೂರು

*

ನಮಸ್ಕಾರ ಅಕ್ಕ. ನಾನು ಕಿರುಚಿತ್ರ ಮಾಡುವ ಹುಡುಗರ ಜೊತೆ ಸೌಂಡ್ ಕೆಲಸ ಮಾಡುವವನು. ನೀವು ಪತ್ರದಲ್ಲಿ ‘ಮಂಡ್ಯ ಮಾತು ಬಿಟ್ಟು ಬೆಂಗಳೂರಿನ ಹಾಗೆ ಮಾತಾಡೋದು ಕಲಿತೆ’ ಅಂತ ಬರೆದಿದ್ದಿರಲ್ಲ, ಅದನ್ನು ಓದಿ ತುಂಬಾ ಬೇಜಾರಾಯಿತು. 2015ರ ‘ತಿಥಿ’ ನಮ್ಮ ಜಿಲ್ಲೆಯ ನೊದೆಕೊಪ್ಪಲಿನಲ್ಲಿ, ಕ್ಯಾಮೆರಾ ಮುಂದೆ ಯಾವತ್ತೂ ನಿಲ್ಲದ ಹಳ್ಳಿಯವರನ್ನೇ ಇಟ್ಟುಕೊಂಡು ತೆಗೆದ ಸಿನಿಮಾ. ಸ್ವಿಟ್ಜರ್ಲೆಂಡಿನ ಲೊಕಾರ್ನೋ ಉತ್ಸವದಲ್ಲಿ ಪ್ರಶಸ್ತಿ ಪಡೆಯಿತು, ಅತ್ಯುತ್ತಮ ಕನ್ನಡ ಚಿತ್ರ ಅಂತ ರಾಷ್ಟ್ರ ಪ್ರಶಸ್ತಿಯೂ ಬಂತು. ಅಲ್ಲಿ ಕಿವಿಗೆ ಬೀಳುವುದು ನಮ್ಮ ಮಾತೇ. ಈ ಕಡೆ ಕಥೆ ಮಾಡುವ ಹೊಸ ನಿರ್ದೇಶಕರು ಇಂಥ ಮಾತಿಗೇ ಹುಡುಕಾಡುತ್ತಾರೆ. ಸಿಗುವವರು ಕಲಿತು ಆಡುತ್ತಾರೆ, ಡಬ್ಬಿಂಗ್ ಹೊತ್ತಿಗೆ ಗೊತ್ತಾಗಿಬಿಡುತ್ತದೆ.

ನಿಮಗೆ ಇದು ಹುಟ್ಟಿನಿಂದ ಬಂದಿದೆ, ಮೇಲೆ ರಂಗದ ಅನುಭವವೂ ಇದೆ. ಮೇಕಪ್ ಇಲ್ಲದೆ, ಹಗಲು ಬೆಳಕಿನಲ್ಲಿ, ಎರಡು ನಿಮಿಷದ ವಿಡಿಯೋ ಮಾಡಿ. ಫ್ಯಾನ್ ಆಫ್ ಮಾಡಿ, ಫೋನನ್ನು ಮುಖಕ್ಕೆ ಹತ್ತಿರ ಇಡಿ, ಇಲ್ಲದಿದ್ದರೆ ದನಿ ಗೋಡೆಗೆ ಬಡಿದು ಕೆಡುತ್ತದೆ. ಸೊಸೆಯನ್ನು ಬೈಯುವ ಅತ್ತೆಯನ್ನು ಮಾಡಬೇಡಿ, ಅದು ಎಲ್ಲರ ಹತ್ತಿರವೂ ಇದೆ. ಸೊಸೈಟಿಗೆ ಹಾಲು ಹಾಕಿ ಫ್ಯಾಟ್ ಕಡಿಮೆ ಬಂತು ಅಂತ ವಾದ ಮಾಡುವ ಹೆಂಗಸು, ನಾಲೆಗೆ ನೀರು ಯಾವಾಗ ಬಿಡುತ್ತಾರೆ ಅಂತ ಕಾಯುವವಳು, ನೀವು ನೋಡಿ ಬೆಳೆದ ಯಾರನ್ನಾದರೂ ಮಾಡಿ. ನಿಮಗೆ ಒಪ್ಪಿಗೆಯಿದ್ದರೆ ಈ ಅಂಕಣದ ಮೂಲಕವೇ ತಿಳಿಸಿ, ನಮ್ಮ ಹುಡುಗರಿಗೆ ತೋರಿಸುತ್ತೇನೆ. ಆ ಬಾಕಿ ದುಡ್ಡು ಏನಾಯಿತು ಅಂತಲೂ ಬರೆಯಿರಿ.

— ಸೌಂಡ್ ರೆಕಾರ್ಡಿಸ್ಟ್, ಮಂಡ್ಯ