ಅನಾನಸ್ ಜೆಲ್ಲಿ ಎರಡು ಸಲವೂ ನೀರೇ ಆಯ್ತು, ಎಲ್ಲಿ ತಪ್ಪಿದೆ?

ಚಮಚ ಹಿಡಿದವಳು:

ಎರಡು ಸಲ ಸೋತು ಇಲ್ಲಿಗೆ ಬಂದಿದ್ದೇನೆ. ಯಾರಾದರೂ ದಾರಿ ತೋರಿಸಿ.

ಪೊಟ್ಟಣದಲ್ಲಿ ಬರುವ ಜೆಲ್ಲಿ ಮಿಶ್ರಣ ನನಗೆ ಸಾಕಾಗಿದೆ. ಸಕ್ಕರೆ, ಬಣ್ಣ, ಎಸೆನ್ಸ್ ಬಿಟ್ಟರೆ ಅದರಲ್ಲಿ ಹಣ್ಣು ಎಲ್ಲಿದೆ ಹೇಳಿ? ತಾಜಾ ಹಣ್ಣಿನಿಂದಲೇ ಮಾಡೋಣ ಅಂತ ಬಣ್ಣ, ರುಚಿ ಏನೂ ಇಲ್ಲದ ಬರೀ ಜೆಲಾಟಿನ್ ಪುಡಿ ತಂದುಕೊಂಡೆ.

ಮೊದಲ ಸಲ ಅನಾನಸ್. ಹಣ್ಣು ಚೆನ್ನಾಗಿ ಕಳಿತಿತ್ತು, ಹೆಚ್ಚುವಾಗಲೇ ಮನೆಯೆಲ್ಲ ಘಮ್ಮೆಂದಿತು. ಮಿಕ್ಸಿಗೆ ಹಾಕಿ ಸೋಸಿ ಅಳೆದರೆ ಸರಿಯಾಗಿ ಅರ್ಧ ಲೀಟರ್ ರಸ. 10 ಗ್ರಾಂ ಜೆಲಾಟಿನ್ ತಣ್ಣೀರಿನಲ್ಲಿ ನೆನೆಸಿ, ಬಿಸಿನೀರಿನ ಪಾತ್ರೆಯಲ್ಲಿಟ್ಟು ಕರಗಿಸಿ, ರಸಕ್ಕೆ ಬೆರೆಸಿ ಫ್ರಿಜ್ಜಿನಲ್ಲಿಟ್ಟೆ. ನಾಲ್ಕು ಗಂಟೆ ಬಿಟ್ಟು ನೋಡಿದೆ, ನೀರು. ಮಲಗುವ ಮುಂಚೆ ನೋಡಿದೆ, ನೀರು. ಬೆಳಿಗ್ಗೆ ಹಲ್ಲುಜ್ಜುವ ಮೊದಲೇ ಹೋಗಿ ನೋಡಿದೆ. ನೀರೇ.

ಎರಡನೇ ಸಲ ಹಟಕ್ಕೆ ಬಿದ್ದು ಜೆಲಾಟಿನ್ ಡಬಲ್ ಮಾಡಿದೆ, 20 ಗ್ರಾಂ. ಚೆಂದ ಕಾಣಲಿ ಅಂತ ಮೇಲೆ ಕಿವಿ ಹಣ್ಣಿನ ಬಿಲ್ಲೆಗಳನ್ನು ಜೋಡಿಸಿದೆ. ಇಷ್ಟು ಹಾಕಿದರೆ ರಬ್ಬರ್ ಆಗಿಬಿಡುತ್ತೇನೋ ಅಂತ ಹೆದರಿದ್ದೆ. ರಬ್ಬರೂ ಇಲ್ಲ, ಜೆಲ್ಲಿಯೂ ಇಲ್ಲ. ಬಟ್ಟಲು ಓರೆ ಮಾಡಿದರೆ ಬಿಲ್ಲೆಗಳು ಪುಟ್ಟ ದೋಣಿಗಳ ಹಾಗೆ ಈ ಕಡೆಯಿಂದ ಆ ಕಡೆಗೆ ತೇಲಿಕೊಂಡು ಹೋಗುತ್ತವೆ. ಮಗಳು ಸ್ಟ್ರಾ ತಂದು ಒಂದು ಲೋಟ ಕುಡಿದಳು. "ಜೆಲ್ಲಿ ತುಂಬಾ ಚೆನ್ನಾಗಿದೆ ಅಮ್ಮ" ಅಂತ ಬೇರೆ ಹೇಳಿದಳು.

ಯಾಕೆ ಹೀಗಾಯ್ತು? ಉಳಿದದ್ದು ಇನ್ನೂ ಫ್ರಿಜ್ಜಿನಲ್ಲೇ ಇದೆ, ಚೆಲ್ಲಲು ಮನಸ್ಸಿಲ್ಲ. ಅದನ್ನು ಉಳಿಸಿಕೊಳ್ಳಬಹುದಾ?

ಹಳೇ ಸೌಟು:

ಪುಡಿ ಹಳೆಯದಿರಬೇಕು. ಇಲ್ಲಾಂದ್ರೆ ಒಂದು ಗಂಟೆ ಫ್ರೀಜರ್‌ನಲ್ಲಿಟ್ಟು ನೋಡಿ. ಗಟ್ಟಿಯಾಗದೆ ಎಲ್ಲಿಗೆ ಹೋಗುತ್ತೆ!

ಚಮಚ ಹಿಡಿದವಳು:

ಪುಡಿ ಮೇಲೆ ನನಗೂ ಅನುಮಾನ ಇತ್ತು. ಅದಕ್ಕೇ ಅದೇ ಪೊಟ್ಟಣದ ಪುಡಿ ಒಂದು ಚಮಚ ತೆಗೆದು ಸಣ್ಣ ಲೋಟದಲ್ಲಿ ಸಕ್ಕರೆ ನೀರಿಗೆ ಹಾಕಿಟ್ಟಿದ್ದೆ. ಅದು ಸಂಜೆಯೊಳಗೆ ಭದ್ರವಾಗಿ ಕೂತಿತ್ತು, ಲೋಟ ಬೋರಲು ಹಾಕಿದರೂ ಬೀಳಲಿಲ್ಲ. ಹಾಗಾಗಿ ಪುಡಿದು ತಪ್ಪಲ್ಲ ಅನಿಸುತ್ತೆ.

ಅಲುಗಾಡುವ ಬಟ್ಟಲು:

ಪುಡಿದೂ ತಪ್ಪಲ್ಲ, ನಿಮ್ಮದೂ ತಪ್ಪಲ್ಲ. ಅಪರಾಧಿ ಅನಾನಸ್. ಜೊತೆಗೆ ಕಿವಿ.

ಜೆಲಾಟಿನ್ ಒಂದು ಪ್ರೋಟೀನ್. ಪ್ರಾಣಿಗಳ ಚರ್ಮ, ಮೂಳೆಯಲ್ಲಿರುವ ಕೊಲಾಜನ್‌ನಿಂದ ತೆಗೆದದ್ದು. ಅದರ ಉದ್ದುದ್ದ ಎಳೆಗಳು ತಣ್ಣಗಾಗುತ್ತಾ ಒಂದಕ್ಕೊಂದು ಹೆಣೆದುಕೊಂಡು ಬಲೆ ಕಟ್ಟುತ್ತವೆ, ರಸ ಆ ಬಲೆಯಲ್ಲಿ ಸಿಕ್ಕಿಕೊಳ್ಳುತ್ತೆ. ಜೆಲ್ಲಿ ಅಂದರೆ ಅಷ್ಟೇ. ಈಗ ಹಸಿ ಅನಾನಸ್‌ನಲ್ಲಿ ಬ್ರೊಮೆಲೇನ್ ಅಂತ ಒಂದು ಎಂಜೈಮ್ ಇದೆ. ಪ್ರೋಟೀನ್ ಕಂಡರೆ ಕತ್ತರಿಸುವುದೇ ಅದರ ಕೆಲಸ. ನೀವು 10 ಗ್ರಾಂ ಕೊಟ್ಟಿರಿ, ಕತ್ತರಿಸಿತು. 20 ಕೊಟ್ಟಿರಿ, ಅದನ್ನೂ ಕತ್ತರಿಸಿತು. ತುಂಡು ಎಳೆಗಳಿಂದ ಬಲೆ ಹೆಣೆಯೋದು ಹೇಗೆ? ಕಿವಿ ಹಣ್ಣಿನಲ್ಲೂ ಆಕ್ಟಿನಿಡಿನ್ ಅಂತ ಅದೇ ಜಾತಿಯದ್ದು ಇದೆ. ಕಳ್ಳನ ಕಾವಲಿಗೆ ಅವನ ತಮ್ಮನನ್ನೇ ಕೂರಿಸಿದ ಹಾಗಾಯ್ತು ನಿಮ್ಮ ಅಲಂಕಾರ! ಪರಂಗಿ, ಅಂಜೂರ, ಹಸಿ ಶುಂಠಿ ಕೂಡ ಇದೇ ಗುಂಪಿನವು. ಮಾಂಸ ಮೆತ್ತಗಾಗಲಿ ಅಂತ ಪರಂಗಿಕಾಯಿ ಅರೆದು ಹಚ್ಚುತ್ತಾರಲ್ಲ, ಅದೂ ಇದೇ ಕತೆ. ಅನಾನಸ್ ಜಾಸ್ತಿ ತಿಂದಾಗ ನಾಲಿಗೆ ಚುರುಗುಟ್ಟುವುದರಲ್ಲೂ ಬ್ರೊಮೆಲೇನ್ ಕೈವಾಡ ಇದೆ.

ನಾನೂ ಮೊದಲು ನಂಬಿರಲಿಲ್ಲ. ಒಂದು ದಿನ ಸುಮ್ನೆ ಪರೀಕ್ಷೆ ಮಾಡಿದೆ. ಚೆನ್ನಾಗಿ ಕಟ್ಟಿದ್ದ ದ್ರಾಕ್ಷಿ ಜೆಲ್ಲಿ ಮೇಲೆ ಎರಡು ಚೂರು ಅನಾನಸ್ ಇಟ್ಟೆ, ಒಂದು ಹಸಿ, ಒಂದು ಬೇಯಿಸಿದ್ದು. ಬೇರೆ ಕೆಲಸ ಮುಗಿಸಿ ಬಂದು ನೋಡಿದರೆ ಬೇಯಿಸಿದ್ದು ಇಟ್ಟ ಹಾಗೇ ಕೂತಿತ್ತು. ಹಸಿ ಚೂರು ತನ್ನದೇ ಆಕಾರದ ಗುಂಡಿ ತೋಡಿಕೊಂಡು ಕೆಳಗಿಳಿದಿತ್ತು. ಸುತ್ತ ಒಂದು ಚಮಚದಷ್ಟು ನೀರು. ಮಗಳಿಗೆ ತೋರಿಸಿ, ಖುಷಿಪಡುತ್ತಾಳೆ.

ಒಳ್ಳೆಯ ಸುದ್ದಿ ಏನೆಂದರೆ ಈ ಎಂಜೈಮ್‌ಗಳು ಬಿಸಿಗೆ ಕೆಡುತ್ತವೆ. ರಸವನ್ನು ಕುದಿ ಬಂದ ಮೇಲೆ ಐದು ನಿಮಿಷ ಕುದಿಸಿ. ಹೋಳಾದರೆ ಸಣ್ಣಗೆ ಹೆಚ್ಚಿ, ನಡುವಿನ ತನಕ ಬೇಯಬೇಕು. ಮೇಲೆ ಮೇಲೆ ಬಿಸಿ ಮಾಡಿದರೆ ಒಳಗಿರುವುದು ಉಳಿದುಕೊಂಡು ಮತ್ತೆ ಅದೇ ಗೋಳು. ಡಬ್ಬಿಯಲ್ಲಿ ಬರುವ ಅನಾನಸ್ ಮೊದಲೇ ಬೆಂದಿರುತ್ತೆ, ಅದು ತೊಂದರೆ ಕೊಡಲ್ಲ. ಆದರೆ ಹಸಿ ಹಣ್ಣನ್ನು ಫ್ರೀಜರ್‌ನಲ್ಲಿಟ್ಟು ತೆಗೆದರೆ ಏನೂ ಪ್ರಯೋಜನ ಇಲ್ಲ. ಚಳಿಗೆ ಎಂಜೈಮ್ ಮಲಗುತ್ತೆ ಅಷ್ಟೇ, ಸಾಯಲ್ಲ.

ಹಳೇ ಸೌಟು ಅವರೇ, ಬೇಜಾರಾಗಬೇಡಿ, ಜೆಲ್ಲಿಯನ್ನೂ ಫ್ರೀಜರ್‌ಗೆ ಹಾಕಬಾರದು. ನೀರು ಹರಳುಗಟ್ಟಿ ಬಲೆ ಹರಿಯುತ್ತೆ. ಕರಗಿದ ಮೇಲೆ ಒದ್ದೆ ಸ್ಪಂಜು.

ಫ್ರಿಜ್ಜಿನಲ್ಲಿರುವುದನ್ನು ಚೆಲ್ಲಬೇಡಿ. ಕಿವಿ ಬಿಲ್ಲೆಗಳನ್ನು ತೆಗೆದು ತಿಂದುಬಿಡಿ. ಉಳಿದದ್ದನ್ನು ಐದು ನಿಮಿಷ ಕುದಿಸಿ, ನೊರೆ ತೆಗೆಯಿರಿ. ಹಳೇ ಜೆಲಾಟಿನ್ ಲೆಕ್ಕಕ್ಕಿಲ್ಲ, ಅದು ಚೂರಾಗಿ ಹೋಗಿದೆ. ಅರ್ಧ ಲೀಟರಿಗೆ 10 ಗ್ರಾಂ ಲೆಕ್ಕದಲ್ಲಿ ಹೊಸದು ಹಾಕಿ. ಆದರೆ ಕುದಿಯುವಾಗ ಹಾಕಬೇಡಿ, ಕೈಗೆ ತಡೆಯುವಷ್ಟು ಬಿಸಿ ಇಳಿದ ಮೇಲೆ. ಜೆಲಾಟಿನ್ನನ್ನು ತುಂಬಾ ಹೊತ್ತು ಕುದಿಸಿದರೆ ಅದರ ಬಲವೂ ಕುಗ್ಗುತ್ತೆ.

ನೆನೆಸುವ ವಿಷಯದಲ್ಲಿ ಒಂದು ಮಾತು. ಪುಡಿಯ ಮೇಲೆ ನೀರು ಸುರಿಯಬೇಡಿ, ನೀರಿನ ಮೇಲೆ ಪುಡಿ ಉದುರಿಸಿ. 10 ಗ್ರಾಂಗೆ 50-60 ಮಿಲಿ ತಣ್ಣೀರು ಸಾಕು. ಐದು ನಿಮಿಷಕ್ಕೆ ಒದ್ದೆ ಮರಳಿನ ಹಾಗೆ ಉಬ್ಬಿ ನಿಲ್ಲುತ್ತೆ. ನೇರ ಬಿಸಿನೀರಿಗೆ ಹಾಕಿದರೆ ಗಂಟಾಗುತ್ತೆ, ಗಂಟಿನ ಒಳಗೆ ಪುಡಿ ಒಣಗಿದ ಹಾಗೇ ಉಳಿಯುತ್ತೆ. ಕರಗಿದ್ದನ್ನು ಫ್ರಿಜ್ಜಿನಿಂದ ಆಗಷ್ಟೇ ತೆಗೆದ ರಸಕ್ಕೂ ಸುರಿಯಬೇಡಿ. ಅಲ್ಲಲ್ಲೇ ದಾರ ದಾರವಾಗಿ ಕಟ್ಟಿಬಿಡುತ್ತೆ.

ಇನ್ನು ನನ್ನ ಅಭಿಪ್ರಾಯ ಕೇಳಿದರೆ, ಅನಾನಸ್ ಬಿಡಿ. ಕುದಿಸಿದ ಮೇಲೆ ಅದು ಜಾಮ್ ಆಗುತ್ತೆ, ಆ ತಾಜಾ ಘಮ ಹೋಗುತ್ತೆ. ತಾಜಾ ರುಚಿಗೆ ಅಂತ ತಾನೇ ನೀವು ಹೊರಟಿದ್ದು? ಕಿತ್ತಳೆ, ದ್ರಾಕ್ಷಿ, ಸ್ಟ್ರಾಬೆರಿ, ದಾಳಿಂಬೆ, ಕಲ್ಲಂಗಡಿ ಇವನ್ನೆಲ್ಲ ಹಸಿಯಾಗೇ ಹಾಕಬಹುದು. ಪೂರ್ತಿ ರಸ ಬಿಸಿ ಮಾಡಬೇಕಾಗಿಯೂ ಇಲ್ಲ. ಕಾಲು ಭಾಗ ಬಿಸಿ ಮಾಡಿ ಸಕ್ಕರೆ, ನೆನೆದ ಜೆಲಾಟಿನ್ ಕರಗಿಸಿ, ಉಳಿದ ಮುಕ್ಕಾಲು ಭಾಗಕ್ಕೆ ಬೆರೆಸಿ. ಹಣ್ಣಿನ ರುಚಿ ಹಾಗೇ ಉಳಿಯುತ್ತೆ. ಬೆಚ್ಚಗಿರುವಾಗ ನಾಲಿಗೆಗೆ ಒಂದು ಚೂರು ಸಿಹಿ ಜಾಸ್ತಿ ಅನಿಸಬೇಕು, ತಣ್ಣಗಾದಾಗ ಸಿಹಿ ಕಮ್ಮಿ ಗೊತ್ತಾಗುತ್ತೆ. ನಿಂಬೆ ರಸ ಒಂದೆರಡು ಚಮಚ ಪರವಾಗಿಲ್ಲ. ಹುಳಿ ತುಂಬಾ ಆದರೆ ಜೆಲ್ಲಿ ಸಡಿಲವಾಗುತ್ತೆ, ಆಗ ಜೆಲಾಟಿನ್ ಒಂದೆರಡು ಗ್ರಾಂ ಏರಿಸಿ.

ಕಡಲ ಪಾಚಿ ಪಕ್ಷ:

ಮೇಲಿನವರು ಜೆಲಾಟಿನ್ ಎಲ್ಲಿಂದ ಬರುತ್ತೆ ಅಂತ ಒಂದೇ ಸಾಲಿನಲ್ಲಿ ಹೇಳಿ ದಾಟಿಬಿಟ್ಟರು. ನಮ್ಮಂಥ ಸಸ್ಯಾಹಾರಿಗಳಿಗೆ ಅಲ್ಲೇ ಆಟ ಮುಗಿಯಿತು ಅಲ್ವಾ!

ಅಗರ್ ಅಗರ್ ತನ್ನಿ, ಅದೇ ಚೈನಾ ಗ್ರಾಸ್. ಕೆಂಪು ಕಡಲ ಪಾಚಿಯಿಂದ ತೆಗೆಯುತ್ತಾರೆ. ಅದು ಪ್ರೋಟೀನ್ ಅಲ್ಲ, ಒಂದು ಥರದ ಕಾರ್ಬೋಹೈಡ್ರೇಟ್. ಹಾಗಾಗಿ ಅನಾನಸ್‌ನ ಕತ್ತರಿ ಅದರ ಮೇಲೆ ನಡೆಯಲ್ಲ. ಹಸಿ ಅನಾನಸ್, ಹಸಿ ಕಿವಿ ಧಾರಾಳವಾಗಿ ಹಾಕಿ.

ಆದರೆ ಜೆಲಾಟಿನ್ ಅಳತೆಯಲ್ಲೇ ಹಾಕಿದರೆ ಕೆಟ್ಟಿರಿ. ಅರ್ಧ ಲೀಟರಿಗೆ 4 ಗ್ರಾಂ ಪುಡಿ ಸಾಕು. ಇದನ್ನು ಬಿಸಿನೀರಿನಲ್ಲಿ ಕದಡಿದರೆ ಸಾಲದು, ಕುದಿಸಲೇಬೇಕು. ಒಂದು ಕಪ್ ನೀರಿಗೆ ಪುಡಿ ಹಾಕಿ, ಸಣ್ಣ ಉರಿಯಲ್ಲಿ ಎರಡು ಮೂರು ನಿಮಿಷ ಕೈಯಾಡಿಸುತ್ತಾ ಕುದಿಸಿ. ಚಮಚದ ಬೆನ್ನಿಗೆ ರವೆಯಂಥ ಕಾಳು ಅಂಟದಿದ್ದರೆ ಕರಗಿದೆ ಅಂತ. ಆಮೇಲೆ ರಸ ಸೇರಿಸಿ. ಹುಳಿ ರಸದ ಜೊತೆಗೇ ಕುದಿಸಿದರೆ ಅಗರ್ ಸೋಲುತ್ತೆ. ರಸ ಉಗುರುಬೆಚ್ಚಗಿರಲಿ, ಯಾಕೆಂದರೆ ಇದು 40 ಡಿಗ್ರಿ ಸೆಲ್ಸಿಯಸ್ ಹತ್ತಿರ ಬರುತ್ತಿದ್ದ ಹಾಗೆ ಕಟ್ಟಲು ಶುರು. ಫ್ರಿಜ್ ಕೂಡ ಬೇಡ, ಮೇಜಿನ ಮೇಲೇ ಕೂರುತ್ತೆ.

ಅನುಮಾನ ಇದ್ದರೆ ತಟ್ಟೆಯೊಂದನ್ನು ಫ್ರೀಜರ್‌ನಲ್ಲಿಟ್ಟು ತಣ್ಣಗೆ ಮಾಡಿ, ಅದರ ಮೇಲೆ ಒಂದು ಚಮಚ ಬಿಡಿ. ಒಂದೆರಡು ನಿಮಿಷದಲ್ಲಿ ಬೆರಳಲ್ಲಿ ತಳ್ಳಿದರೆ ಸುಕ್ಕುಗಟ್ಟಬೇಕು. ಇಲ್ಲದಿದ್ದರೆ ಇನ್ನೊಂದು ಗ್ರಾಂ ಅಗರ್ ಸ್ವಲ್ಪ ನೀರಿನಲ್ಲಿ ಕುದಿಸಿ ಸೇರಿಸಿ.

ಅಲುಗಾಡುವ ಬಟ್ಟಲು:

ಪಕ್ಷದವರು ಹೇಳಿದ್ದೆಲ್ಲ ನಿಜ, ಒಂದನ್ನು ಬಿಟ್ಟು ಹೇಳಿದರು. ಅಗರ್ ಜೆಲ್ಲಿ ಬಾಯಲ್ಲಿ ಕರಗಲ್ಲ. ಅದು ಮತ್ತೆ ಕರಗಬೇಕಾದರೆ 85 ಡಿಗ್ರಿ ಹತ್ತಿರ ಹೋಗಬೇಕು. ಜೆಲಾಟಿನ್ 35ರೊಳಗೇ ಕರಗುತ್ತೆ, ನಮ್ಮ ಬಾಯಿ ಅದಕ್ಕಿಂತ ಬೆಚ್ಚಗೆ. ಅದಕ್ಕೇ ನಾಲಿಗೆ ಮೇಲಿಟ್ಟರೆ ಜಾರಿ ಹೋಗುತ್ತೆ. ಅಗರ್‌ನದ್ದು ಕಚ್ಚಿದರೆ ಮುರಿಯುತ್ತೆ. ಮರುದಿನ ಸ್ವಲ್ಪ ನೀರೂ ಬಿಡುತ್ತೆ. ಸಸ್ಯಾಹಾರದ ಪ್ರಶ್ನೆ ಬಂದರೆ ಬೇರೆ ಮಾತಿಲ್ಲ, ಅಗರೇ ಸರಿ. ಬರೀ ರುಚಿಯ ಪ್ರಶ್ನೆಯಾದರೆ ನನ್ನ ವೋಟು ಜೆಲಾಟಿನ್‌ಗೆ.

ಕಡಲ ಪಾಚಿ ಪಕ್ಷ:

ಕಚ್ಚಿದರೆ ಮುರಿಯುವುದೇ ನಮಗೆ ಇಷ್ಟ ಸ್ವಾಮಿ. ಜಾರಿ ಹೋದರೆ ತಿಂದ ಹಾಗೇ ಇರಲ್ಲ.

ಚಮಚ ಹಿಡಿದವಳು:

ಎಲ್ಲರಿಗೂ ಥ್ಯಾಂಕ್ಸ್. ಎರಡು ದಿನ ಅಡುಗೆಮನೆ ಪ್ರಯೋಗಶಾಲೆ ಆಗಿತ್ತು. ವರದಿ ಒಪ್ಪಿಸುತ್ತೇನೆ.

ಉಳಿದಿದ್ದ ಅನಾನಸ್ ನೀರನ್ನು ಕುದಿಸಿ, ಹೊಸ ಜೆಲಾಟಿನ್ ಹಾಕಿದೆ. ಕಟ್ಟಿತು! ತಟ್ಟೆ ಅಲ್ಲಾಡಿಸಿದರೆ ಅದೂ ಅಲ್ಲಾಡುತ್ತೆ, ನೋಡುತ್ತಾ ನಿಂತುಬಿಟ್ಟೆ. ಬಣ್ಣ ಮಾತ್ರ ಮಂಕು. ರುಚಿ ನೀವು ಹೇಳಿದ ಹಾಗೆ ಜಾಮ್ ಕಡೆಗೆ. ಮಗಳು ಎರಡು ಚಮಚ ತಿಂದು "ಮೊದಲಿಂದೇ ಚೆನ್ನಾಗಿತ್ತು, ಕುಡಿಯೋದು" ಅಂದಳು.

ಆಮೇಲೆ ಕಿತ್ತಳೆ. ಅರ್ಧ ಲೀಟರ್ ರಸ, 10 ಗ್ರಾಂ ಜೆಲಾಟಿನ್, ಮೂರು ದೊಡ್ಡ ಚಮಚ ಸಕ್ಕರೆ. ಕಾಲು ಭಾಗ ಮಾತ್ರ ಬಿಸಿ ಮಾಡಿದೆ. ಬಾಯಿಗಿಟ್ಟರೆ ಆಗಷ್ಟೇ ಹಿಂಡಿದ ಹಣ್ಣು! ಇಷ್ಟು ದಿನ ಪೊಟ್ಟಣದ್ದನ್ನು ಜೆಲ್ಲಿ ಅಂದುಕೊಂಡಿದ್ದೆನಲ್ಲ ಅಂತ ಹೊಟ್ಟೆ ಉರಿಯಿತು.

ದ್ರಾಕ್ಷಿ ಜೆಲ್ಲಿ ಮೇಲಿನ ಪರೀಕ್ಷೆಯನ್ನು ಕಿತ್ತಳೆ ಜೆಲ್ಲಿ ಮೇಲೆ ಕಿವಿ ಇಟ್ಟು ಮಾಡಿದೆವು. ಮಗಳು ಹತ್ತು ನಿಮಿಷಕ್ಕೊಮ್ಮೆ ಫ್ರಿಜ್ ತೆಗೆದು "ಇನ್ನೂ ಮುಳುಗಿಲ್ಲ" ಅಂತ ವರದಿ ಕೊಡುತ್ತಿದ್ದಳು. ಕೊನೆಗೆ ಫ್ರಿಜ್ಜಿನಿಂದ ಹೊರಗಿಟ್ಟೆವು. ಗುಂಡಿ ಬಿತ್ತು. ಕಣ್ಣಾರೆ ಕಂಡ ಮೇಲೆ ನಂಬದೆ ಇರೋದು ಹೇಗೆ?

ಒಂದೇ ತೊಂದರೆ. ಒಳಗೆ ಸ್ಟ್ರಾಬೆರಿ ಹೋಳು ಹಾಕಿದ್ದೆ. ಎಲ್ಲ ಮೇಲಕ್ಕೆ ಬಂದು ಗುಂಪು ಕಟ್ಟಿಕೊಂಡಿವೆ. ಕೆಳಗೆ ಬರೀ ಜೆಲ್ಲಿ. ನಡುವಿನಲ್ಲಿ ನಿಲ್ಲಿಸೋದು ಹೇಗೆ?

ಅಲುಗಾಡುವ ಬಟ್ಟಲು:

ಹಣ್ಣಿಲ್ಲದೆ ಫ್ರಿಜ್ಜಿನಲ್ಲಿಟ್ಟು ಆಗಾಗ ನೋಡುತ್ತಿರಿ. ಹಸಿ ಮೊಟ್ಟೆಯ ಬಿಳಿ ಲೋಳೆಯಷ್ಟು ದಪ್ಪವಾದಾಗ ಹೋಳು ಹಾಕಿ ನಿಧಾನ ತಿರುಗಿಸಿ. ಆ ಹದದಲ್ಲಿ ಎಲ್ಲಿ ಬಿಟ್ಟರೆ ಅಲ್ಲೇ ನಿಲ್ಲುತ್ತವೆ. ಹದ ಮೀರಿ ಗಟ್ಟಿಯಾಗಿಬಿಟ್ಟರೆ ಬಟ್ಟಲನ್ನು ಬಿಸಿನೀರಿನಲ್ಲಿ ಒಂದು ನಿಮಿಷ ಇಟ್ಟು ಕರಗಿಸಿ ಮತ್ತೆ ಶುರು ಮಾಡಿ, ಜೆಲಾಟಿನ್ ಇದಕ್ಕೆಲ್ಲ ಮುನಿಯಲ್ಲ. ಹೋಳಿನ ನೀರು ಬಟ್ಟೆಯಿಂದ ಒತ್ತಿ ತೆಗೆದಿರಿ.

ಅಚ್ಚಿನಿಂದ ತೆಗೆಯುವಾಗ ಅಚ್ಚನ್ನು ಬೆಚ್ಚಗಿನ ನೀರಿನಲ್ಲಿ ಹತ್ತೇ ಸೆಕೆಂಡು ಅದ್ದಿ. ತಟ್ಟೆಯನ್ನೂ ಒದ್ದೆ ಮಾಡಿಕೊಳ್ಳಿ. ಜೆಲ್ಲಿ ಓರೆಯಾಗಿ ಬಿದ್ದರೆ ಮೆಲ್ಲಗೆ ತಳ್ಳಿ ನಡುವಿಗೆ ತರಬಹುದು. ಒಣ ತಟ್ಟೆಯಾದರೆ ಬಿದ್ದಲ್ಲೇ ಅಂಟಿಕೊಂಡು ಕೂರುತ್ತೆ.

ಹಳೇ ಸೌಟು:

ಫ್ರೀಜರ್ ವಿಷಯ ವಾಪಸ್ ತಗೊಂಡೆ. ನನ್ನ ಪುಡ್ಡಿಂಗ್ ಯಾಕೆ ಪ್ರತಿ ಸಲ ಒದ್ದೆ ಸ್ಪಂಜು ಆಗುತ್ತೆ ಅಂತ ಈಗ ಗೊತ್ತಾಯ್ತು.