ಮಗಳು ನೋಡುತ್ತಿರುವುದು ಆಕಾಶವನ್ನೋ, ಮೊಬೈಲನ್ನೋ?

ಮಹಾವ್ಯಾಧಪ್ರಿಯ:
ನನಗೆ ನಕ್ಷತ್ರ ತೋರಿಸಿಕೊಟ್ಟವರು ಅಪ್ಪ. ಮಹಾವ್ಯಾಧ (ಓರಿಯನ್) ನಕ್ಷತ್ರಪುಂಜದ ನಡುಪಟ್ಟಿಯ ಮೂರು ಚುಕ್ಕಿ ಹಿಡಿದು ಗೆರೆ ಎಳೆ, ಒಂದು ಕಡೆ ಲುಬ್ಧಕ, ಇನ್ನೊಂದು ಕಡೆ ರೋಹಿಣಿ, ಅದನ್ನೂ ದಾಟಿದರೆ ಕೃತ್ತಿಕೆಯ ಚುಕ್ಕಿಗೊಂಚಲು ಎನ್ನುತ್ತಿದ್ದರು. ಕತ್ತು ನೋಯುವವರೆಗೆ ಹುಡುಕುತ್ತಿದ್ದೆ.

ಮೊನ್ನೆ ಒಂಬತ್ತು ವರ್ಷದ ಮಗಳನ್ನು ತಾರಸಿಗೆ ಕರೆದೊಯ್ದೆ. ನಕ್ಷತ್ರದ ಆ್ಯಪ್ ಹಾಕಿಕೊಟ್ಟವನೂ ನಾನೇ. ಐದು ನಿಮಿಷದಲ್ಲಿ ಹದಿನೈದು ಹೆಸರು ಓದಿದಳು. ‘ಕೃತ್ತಿಕೆಯಲ್ಲಿ ಎಷ್ಟು ಚುಕ್ಕಿ ಇವೆ?’ ಎಂದರೆ ಪರದೆಯ ಮೇಲೇ ದೊಡ್ಡದು ಮಾಡಿ ಎಣಿಸಿದಳು. ಮೇಲೆ ನೋಡು ಎಂದಾಗ, ‘ಅಪ್ಪಾ, ಅಲ್ಲೇನೂ ಕಾಣ್ತಿಲ್ಲ’ ಎಂದುಬಿಟ್ಟಳು. ತುಂಬಾ ಸಂಕಟವಾಯಿತು. ಆ್ಯಪ್ ತೆಗೆದೇಬಿಡಲೇ? ಅವಳಿಗೆ ಆಸಕ್ತಿ ಹುಟ್ಟಿದ್ದೂ ಅದರಿಂದಲೇ.

ಇರುಳುನೋಟ:
ಮಗು ಸುಳ್ಳು ಹೇಳಿಲ್ಲ ಸರ್, ನಿಜಕ್ಕೂ ಕಂಡಿರಲಿಕ್ಕಿಲ್ಲ. ಕತ್ತಲಲ್ಲಿ ನೋಡುವುದು ಕಣ್ಣಿನ ದಂಡಕೋಶಗಳ ಕೆಲಸ. ಅವುಗಳಲ್ಲಿರುವ, ಬೆಳಕು ಹಿಡಿಯುವ ರೊಡಾಪ್ಸಿನ್ ಎಂಬ ವರ್ಣದ್ರವ್ಯವು ಬೆಳಕು ಬಿದ್ದರೆ ಒಡೆಯುತ್ತದೆ. ಮತ್ತೆ ತುಂಬಿಕೊಳ್ಳಲು 20–30 ನಿಮಿಷ ಬೇಕು. ನಡುವೆ ಬಿಳಿ ಪರದೆ ನೋಡಿದರೆ ಕಾದದ್ದೆಲ್ಲ ಹೆಚ್ಚುಕಡಿಮೆ ನೀರುಪಾಲು. ಆ್ಯಪ್ ಬೇಕೇಬೇಕೆಂದರೆ ಕೆಂಪು ಪರದೆ ಹಾಕಿ, ಬೆಳಕು ತೀರಾ ತಗ್ಗಿಸಿ. ದಂಡಕೋಶಗಳು ಕಡುಗೆಂಪಿಗೆ ಅಷ್ಟಾಗಿ ಸ್ಪಂದಿಸುವುದಿಲ್ಲ.

ಇನ್ನೊಂದು, ಮಸುಕು ಚುಕ್ಕಿಯನ್ನು ನೇರವಾಗಿ ದಿಟ್ಟಿಸಬಾರದು, ಸ್ವಲ್ಪ ಪಕ್ಕಕ್ಕೆ ನೋಡಬೇಕು. ಕಣ್ಣಿನ ನಟ್ಟನಡುವೆ ದಂಡಕೋಶಗಳೇ ಇಲ್ಲ.

ಹಳೇ ಕ್ಯಾಮೆರಾ:
ಮನಶ್ಶಾಸ್ತ್ರಜ್ಞೆ ಲಿಂಡಾ ಹೆಂಕೆಲ್ ಅವರ ಅಧ್ಯಯನವೊಂದು 2014ರಲ್ಲಿ ಪ್ರಕಟವಾಯಿತು. ವಸ್ತುಸಂಗ್ರಹಾಲಯದಲ್ಲಿ ಫೋಟೊ ತೆಗೆದುಕೊಂಡ ವಸ್ತುಗಳಿಗಿಂತ ಬರೀ ನೋಡಿದವೇ ಜನರ ನೆನಪಿನಲ್ಲಿ ಚೆನ್ನಾಗಿ ಉಳಿದಿದ್ದವು. ಆದರೆ ವಸ್ತುವಿನ ಒಂದು ಭಾಗಕ್ಕಷ್ಟೇ ಜೂಮ್ ಮಾಡಿ ತೆಗೆದಾಗ ಆ ನಷ್ಟ ಆಗಲಿಲ್ಲ. ಹಾಗಾಗಿ ಇಡೀ ಆಕಾಶ ಬೇಡ, ಕೃತ್ತಿಕೆ ಒಂದನ್ನೇ ಅವಳ ಪಾಲಿಗೆ ಕೊಡಿ. ಕಂಡಷ್ಟನ್ನು ಕಾಗದದ ಮೇಲೆ ಚುಕ್ಕಿ ಇಟ್ಟು ಬರೆಯಲಿ. ಗೆಲಿಲಿಯೊ 1610ರಲ್ಲಿ ಪ್ರಕಟಿಸಿದ ಕೃತ್ತಿಕೆಯ ಚಿತ್ರವೂ ಹೀಗೆ ನೋಡಿ ಗುರುತು ಹಾಕಿದ್ದೇ. ಆ್ಯಪ್ ಕೆಳಗಿಳಿದ ಮೇಲೆ ತೆರೆದರಾಯಿತು.

ಮಹಾವ್ಯಾಧಪ್ರಿಯ:
ಇಬ್ಬರಿಗೂ ಧನ್ಯವಾದ. ನಿನ್ನೆ ಇಬ್ಬರ ಫೋನನ್ನೂ ಕೆಳಗೇ ಬಿಟ್ಟು ಹೋದೆವು. ಮೊದಲ ಹತ್ತು ನಿಮಿಷ ಕಷ್ಟವಾಯಿತು, ಅವಳಿಗಿಂತ ನನಗೇ ಹೆಚ್ಚು. ಕೈ ಜೇಬಿಗೆ ಹೋಗುತ್ತಲೇ ಇತ್ತು. ಅರ್ಧ ಗಂಟೆಯ ಮೇಲೆ ಅವಳು ಆರು ಎಣಿಸಿದಳು. ಪಕ್ಕಕ್ಕೆ ನೋಡು ಎಂದೆ. ‘ಏಳು!’ ಎಂದು ಕೂಗಿದಳು. ನನಗೆ ಆರೇ ಕಂಡವು. ಅವಳ ಕಾಗದದಲ್ಲಿ ಏಳು ಚುಕ್ಕಿ ಇವೆ. ಆ್ಯಪ್ ತೆರೆದು ತಾಳೆ ನೋಡೋಣವೇ ಎಂದರೆ ಬೇಡವಂತೆ, ನಾಳೆ ಇನ್ನೊಮ್ಮೆ ಎಣಿಸಿದ ಮೇಲಂತೆ.